ಬಾಳೆ ಎಲೆ ಹೊತ್ತ ತಾತ: ಚಿಕ್ಕಬಳ್ಳಾಪುರ ಜಿಲ್ಲಾಧಿಕಾರಿಗಳಿಗೂ ಜಿಲ್ಲೆಯ ಜನರಿಗೂ ಒಂದು ಬಹಿರಂಗ ಪತ್ರ

ಮಾನ್ಯ ಜಿಲ್ಲಾಧಿಕಾರಿಗಳೇ, ನಮ್ಮ ಜಿಲ್ಲೆಯ ಅಕ್ಕಂದಿರೇ, ಅಣ್ಣಂದಿರೇ,

ನಮಸ್ಕಾರ.

ನಾನು ಶಿಡ್ಲಘಟ್ಟದಲ್ಲಿ ಒಂದು ಸಣ್ಣ ಸ್ಟುಡಿಯೋ ಇಟ್ಟುಕೊಂಡಿದ್ದೇನೆ. ಮದುವೆ, ನಾಮಕರಣ, ಗೃಹಪ್ರವೇಶದ ವಿಡಿಯೋ ತೆಗೆಯುವುದು ನನ್ನ ಕೆಲಸ. ಮೂವತ್ತು ವರ್ಷಕ್ಕೂ ಜಾಸ್ತಿ ಆಯಿತು. ಆಷಾಢದಲ್ಲಿ ಮದುವೆ ಇರುವುದಿಲ್ಲ. ಆ ಒಂದು ತಿಂಗಳು ಜನ ಅಟ್ಟದ ಮೇಲಿಂದ ಹಳೇ ವಿಎಚ್‌ಎಸ್ ಕ್ಯಾಸೆಟ್ ಇಳಿಸಿ ತರುತ್ತಾರೆ. ಅವನ್ನು ಪೆನ್‌ಡ್ರೈವ್‌ಗೆ ಹಾಕಿಕೊಡುತ್ತೇನೆ. ಹಳೇ ಚಿತ್ರಗಳನ್ನು ಉಳಿಸಿ, ನಮ್ಮ ಜನರ ದಿನದ ಬದುಕನ್ನು ಹೊಸದಾಗಿ ತೆಗೆದಿಡಿ ಎಂದು ಕೇಳುವ ಈ ಪತ್ರ ಬರೆಯುವ ಹಾಗೆ ಮಾಡಿದ್ದು ಅಂಥ ಒಂದು ಕ್ಯಾಸೆಟ್.

ಹೋದ ಆಷಾಢದಲ್ಲಿ ಒಬ್ಬ ಅಕ್ಕ ಬಂದರು. 1994ರಲ್ಲಿ ನಡೆದ ಅವರ ಮದುವೆಯ ಕ್ಯಾಸೆಟ್. ತೆಗೆದವನು ನಾನೇ. ಟೇಪಿಗೆ ಬೂಷ್ಟು ಹಿಡಿದಿತ್ತು. ಒರೆಸಿ, ಒಣಗಿಸಿ, ಎರಡು ದಿನ ಬಿಟ್ಟು ಹಾಕಿದೆ. ಅವರೂ ಪಕ್ಕದಲ್ಲೇ ಕುರ್ಚಿ ಎಳೆದುಕೊಂಡು ಕೂತರು. ಧಾರೆ ಬಂತು. ಸುಮ್ನೆ ನೋಡುತ್ತಿದ್ದರು. ತಾಳಿ ಕಟ್ಟುವುದು ಬಂತು. ಆಗಲೂ ಮಾತಿಲ್ಲ. ಊಟದ ಪಂಕ್ತಿ ಶುರುವಾಗುವ ಮುಂಚೆ ತಟ್ಟನೆ ಮುಂದಕ್ಕೆ ಬಾಗಿ, 'ಅಣ್ಣಾ, ಒಂಚೂರು ಹಿಂದಕ್ಕೆ ಹೋಗಿ. ಅಲ್ಲಿ, ಚಪ್ಪರದ ಕಂಬದ ಹತ್ತಿರ' ಅಂದರು.

ಹಿಂದಕ್ಕೆ ಹೋದೆ. ಚೌಕಟ್ಟಿನ ಎಡ ಅಂಚಿನಲ್ಲಿ ಒಬ್ಬ ತಾತ. ಹೆಗಲ ಮೇಲೆ ಬಾಳೆ ಎಲೆ ಹೊರೆ. ಕ್ಯಾಮೆರಾ ಕಂಡು ಒಂದು ಗಳಿಗೆ ನಿಲ್ಲುತ್ತಾರೆ. ಅಡ್ಡ ಬಂದೆನೇನೋ ಅನ್ನುವ ಹಾಗೆ ಪಕ್ಕಕ್ಕೆ ಸರಿಯುತ್ತಾರೆ. ಅಷ್ಟೇ. ನಾಲ್ಕು ಸೆಕೆಂಡು. ಆ ಅಕ್ಕನ ತಾತ ಅವರು. ಅವರದು ಒಂದೇ ಒಂದು ಫೋಟೋ ಕೂಡ ಮನೆಯಲ್ಲಿಲ್ಲವಂತೆ. 'ಆ ನಾಲ್ಕು ಸೆಕೆಂಡನ್ನು ಬೇರೆಯಾಗಿ ಹಾಕಿಕೊಡಿ' ಅಂದರು. ಅಂದು ನನಗೆ ದುಡ್ಡು ಕೊಟ್ಟಿದ್ದು ಧಾರೆ ತೆಗೆಯುವುದಕ್ಕೆ. ಮೂವತ್ತು ವರ್ಷ ಕಳೆದ ಮೇಲೆ ಅವರಿಗೆ ಬೇಕಾಗಿದ್ದು ಬಾಳೆ ಎಲೆ ಹೊರೆ.

ಇದು ಒಬ್ಬರ ಮಾತಲ್ಲ. ಕ್ಯಾಸೆಟ್ ತರುವ ಹತ್ತರಲ್ಲಿ ಎಂಟು ಜನ ಹೀಗೇ ಅಂಚಿನಲ್ಲಿ ಹುಡುಕುತ್ತಾರೆ. ಒಬ್ಬರಿಗೆ ಹಳೇ ಮನೆಯ ಜಗುಲಿ ಬೇಕು. ಒಬ್ಬರಿಗೆ ಬಾಗಿಲ ಪಕ್ಕ ಒರಗಿಸಿಟ್ಟ ಬಿದಿರಿನ ಚಂದ್ರಂಕಿ, ಅಂದರೆ ರೇಷ್ಮೆ ಹುಳ ಗೂಡು ಕಟ್ಟುವ ತಟ್ಟೆ, ಬೇಕು. ಈಗ ಮನೆಮನೆಯಲ್ಲೂ ಪ್ಲಾಸ್ಟಿಕ್ ಚಂದ್ರಂಕಿ, ಅಲ್ವಾ.

ನೂರು, ನೂರಿಪ್ಪತ್ತು ವರ್ಷದ ಹಿಂದಿನ ದನಿಯಿಲ್ಲದ ಸುದ್ದಿ ಚಿತ್ರಗಳನ್ನು, ಅಂದರೆ ಮೂಕ ನ್ಯೂಸ್ ರೀಲ್‌ಗಳನ್ನು ನಾನು ಬಿಡುವಿದ್ದಾಗಲೆಲ್ಲ ನೋಡುತ್ತೇನೆ. ಬ್ರಿಟಿಷ್ ಪಾತೆ ಎಂಬ ಸಂಸ್ಥೆ 2014ರಲ್ಲಿ ತನ್ನ 85,000 ಚಿತ್ರಗಳನ್ನು ಯೂಟ್ಯೂಬ್‌ಗೆ ಹಾಕಿತು. ಅಲ್ಲಿಂದ ನನಗೆ ಈ ಗೀಳು ಹತ್ತಿತು. ನೋಡುತ್ತಾ ನೋಡುತ್ತಾ ಗೊತ್ತಾಗಿದ್ದು ಇಷ್ಟು. ಆ ಅಕ್ಕ ತಮ್ಮ ಕ್ಯಾಸೆಟ್‌ನಲ್ಲಿ ಮಾಡಿದ ಕೆಲಸವನ್ನೇ ಜಗತ್ತಿನ ಜನ ಆ ರೀಲ್‌ಗಳಲ್ಲಿ ಮಾಡುತ್ತಿದ್ದಾರೆ.

ನಮ್ಮಲ್ಲಿ ವಯಸ್ಸಾದವರಿಗೆ ನ್ಯೂಸ್ ರೀಲ್ ಅಂದರೆ ಟೆಂಟ್‌ನಲ್ಲಿ ಸಿನಿಮಾಗೆ ಮುಂಚೆ ಬರುತ್ತಿದ್ದ ಫಿಲ್ಮ್ಸ್ ಡಿವಿಜನ್ ಸುದ್ದಿ. ಅದು 1948ರಲ್ಲಿ ಶುರುವಾಗಿದ್ದು. ಅದರಲ್ಲಿ ದನಿ ಇತ್ತು. ನಾನು ಹೇಳುತ್ತಿರುವುದು ಅದಕ್ಕಿಂತ ಹಳೆಯದು. 1910ರ ಹೊತ್ತಿಗೆ ಪಾತೆ, ಗೋಮಾಂ ಕಂಪನಿಗಳು ಪ್ಯಾರಿಸ್, ಲಂಡನ್‌ಗಳಲ್ಲಿ ಸುದ್ದಿ ರೀಲ್ ಬಿಡುತ್ತಿದ್ದವು. ಒಂದು ರೀಲ್‌ನಲ್ಲಿ ನಾಲ್ಕೈದು ಸುದ್ದಿ. ಪ್ರತಿ ಸುದ್ದಿಗೆ ಮುಂಚೆ ಒಂದು ಬರಹದ ಫಲಕ. ರಾಜ ಬಂದ, ಹಡಗು ನೀರಿಗಿಳಿಯಿತು, ಕುದುರೆ ಗೆದ್ದಿತು. ಕ್ಯಾಮೆರಾ ಹೋಗಿದ್ದು ಅದಕ್ಕೇ. ಆದರೆ ಕ್ಯಾಮೆರಾಗೆ ರಾಜ ಯಾರು, ಕಡಲೆಕಾಯಿ ಮಾರುವವನು ಯಾರು ಅಂತ ಗೊತ್ತಿಲ್ಲವಲ್ಲ. ಮುಂದೆ ಇದ್ದದ್ದನ್ನೆಲ್ಲ ತೆಗೆದುಕೊಂಡು ಬಂತು.

ನಮ್ಮ ದೇಶದ ಉದಾಹರಣೆ ಹೇಳುತ್ತೇನೆ. 1911ರ ಡಿಸೆಂಬರ್ 12ರಂದು ದೆಹಲಿ ದರ್ಬಾರ್ ನಡೆಯಿತು. ಐದನೇ ಜಾರ್ಜ್ ಮುಂದೆ ದೇಶದ ರಾಜರೆಲ್ಲ ಬಂದು ಬಾಗಬೇಕು. ಬರೋಡದ ಮಹಾರಾಜ ಸಯಾಜಿರಾವ್ ಗಾಯಕವಾಡ್ ಸರಿಯಾಗಿ ಬಾಗಲಿಲ್ಲ, ಬೆನ್ನು ತಿರುಗಿಸಿ ನಡೆದರು ಎಂದು ಗದ್ದಲ ಎದ್ದಿತು. ಆ ಚಿತ್ರ ಲಂಡನ್‌ನಲ್ಲೂ ಓಡಿತು. ಅಲ್ಲಿ ಕೂತವರೂ ಆ ಬೆನ್ನನ್ನು ಕಣ್ಣಾರೆ ಕಂಡರು. ಸಾಮ್ರಾಜ್ಯದ ವೈಭವ ತೋರಿಸಲು ತೆಗೆದ ಚಿತ್ರದಲ್ಲಿ ಜನರ ನಾಲಿಗೆ ಮೇಲೆ ಉಳಿದಿದ್ದು ಒಬ್ಬರ ನಡಿಗೆ. ನಾನು ಆ ದರ್ಬಾರಿನ ಚಿತ್ರ ನೋಡುವಾಗ ಸಿಂಹಾಸನದ ಕಡೆ ನೋಡುವುದಿಲ್ಲ. ಆನೆ ಪಕ್ಕ ನಡೆಯುವ ಮಾವುತರನ್ನು, ಗುಂಪಿನಲ್ಲಿ ಹೆಗಲ ಮೇಲೆ ಮಗು ಕೂರಿಸಿಕೊಂಡವರನ್ನು ಹುಡುಕುತ್ತೇನೆ.

1913ರ ಜೂನ್ 4ರಂದು ಇಂಗ್ಲೆಂಡಿನ ಎಪ್ಸಮ್ ಕುದುರೆ ಓಟಕ್ಕೂ ಕ್ಯಾಮೆರಾಗಳು ಹೋಗಿದ್ದವು. ಹೆಂಗಸರಿಗೆ ಮತದ ಹಕ್ಕು ಬೇಕು ಎಂದು ಹೋರಾಡುತ್ತಿದ್ದ ಎಮಿಲಿ ಡೇವಿಸನ್ ಓಟದ ನಡುವೆ ನುಗ್ಗಿ ರಾಜನ ಕುದುರೆಗೆ ಸಿಕ್ಕಿದರು. ನಾಲ್ಕು ದಿನ ಕಳೆದು ತೀರಿಕೊಂಡರು. ಯಾರೂ ಅದನ್ನು ತೆಗೆಯಲು ಹೋಗಿರಲಿಲ್ಲ. ಆದರೂ ರೀಲ್‌ನಲ್ಲಿದೆ. ಆಕೆ ನಿಜಕ್ಕೂ ಏನು ಮಾಡಲು ಹೋಗಿದ್ದರು ಎಂದು ತಿಳಿಯಲು ನೂರು ವರ್ಷ ಆದಮೇಲೂ ಜನ ಅದನ್ನು ಚೌಕ ಚೌಕವಾಗಿ, ಅಂದರೆ ಒಂದೊಂದೇ ಫ್ರೇಮ್ ನಿಲ್ಲಿಸಿ ನೋಡಿದ್ದಾರೆ.

ಆದರೆ ನನ್ನ ಮನಸ್ಸಿಗೆ ಎಲ್ಲಕ್ಕಿಂತ ಹತ್ತಿರ ಬ್ಲ್ಯಾಕ್‌ಬರ್ನ್ ಎಂಬ ಊರು. ಅದನ್ನು ಸ್ವಲ್ಪ ವಿವರವಾಗಿ ಹೇಳಬೇಕು.

ಇಂಗ್ಲೆಂಡಿನ ಉತ್ತರದಲ್ಲಿರುವ ಊರು ಅದು. ಹತ್ತಿ ಗಿರಣಿಗಳ ಊರು. ಅದೂ ನೂಲಿನ ಮೇಲೆ ಬದುಕಿದ ಊರು, ನಮ್ಮ ಶಿಡ್ಲಘಟ್ಟವೂ ನೂಲಿನ ಮೇಲೆ ಬದುಕುವ ಊರು. ಅಲ್ಲಿ ಸಾಗರ್ ಮಿಚೆಲ್, ಜೇಮ್ಸ್ ಕೆನ್ಯನ್ ಎಂಬ ಇಬ್ಬರು ಸೇರಿ ಒಂದು ಸಣ್ಣ ಚಿತ್ರ ಕಂಪನಿ ನಡೆಸುತ್ತಿದ್ದರು. 1900ರಿಂದ ಹತ್ತು ಹನ್ನೆರಡು ವರ್ಷ ಅವರ ವ್ಯಾಪಾರ ಚೆನ್ನಾಗಿತ್ತು. ವ್ಯಾಪಾರದ ಗುಟ್ಟು ಸರಳ. ಕೆಲಸ ಬಿಡುವ ಹೊತ್ತಿಗೆ ಗಿರಣಿ ಗೇಟಿನ ಎದುರು ಕ್ಯಾಮೆರಾ ಇಡುವುದು. ಹೊರಗೆ ಬರುವವರ ಮುಖಗಳನ್ನು ಎಷ್ಟಾಗುತ್ತದೋ ಅಷ್ಟು ತೆಗೆಯುವುದು. ಜಾತ್ರೆಯಲ್ಲಿ ಡೇರೆ ಹಾಕಿ ತೋರಿಸುವುದು. 'ಬನ್ನಿ, ನಿಮ್ಮನ್ನು ನೀವೇ ನೋಡಿ' ಅಂತ ಕರೆಯುವುದು. ಜನ ದುಡ್ಡು ಕೊಟ್ಟು ತಮ್ಮನ್ನು ತಾವೇ ನೋಡಿಕೊಂಡು ಹೋಗುತ್ತಿದ್ದರು.

ಹಾಗಾಗಿ ಆ ಚಿತ್ರಗಳಲ್ಲಿ ಎಲ್ಲರೂ ನೇರ ಕ್ಯಾಮೆರಾ ಕಡೆ ನೋಡುತ್ತಾರೆ. ತಲೆಗೆ ಶಾಲು ಹೊದ್ದ ಹೆಂಗಸರು. ದೊಡ್ಡವರ ಕೋಟು ಹಾಕಿಕೊಂಡ ಸಣ್ಣ ಹುಡುಗರು. ಶಾಲೆಗೆ ಹೋಗಬೇಕಾದ ವಯಸ್ಸು, ಗಿರಣಿಯಿಂದ ಬರುತ್ತಿದ್ದಾರೆ. ಒಬ್ಬ ಹುಡುಗ ಓಡಿ ಹೋಗಿ ಸುತ್ತು ಹಾಕಿ ಮತ್ತೆ ಕ್ಯಾಮೆರಾ ಮುಂದೆ ಬರುತ್ತಾನೆ. ಒಬ್ಬಳು ಗೆಳತಿಯ ಬೆನ್ನ ಹಿಂದೆ ಮುಖ ಮುಚ್ಚಿಕೊಳ್ಳುತ್ತಾಳೆ. ನಮ್ಮೂರ ಫಿಲೇಚರ್, ಅಂದರೆ ರೇಷ್ಮೆ ನೂಲು ಬಿಚ್ಚುವ ಕಾರ್ಖಾನೆ, ಬಿಡುವ ಹೊತ್ತಿಗೆ ನಾನು ಕ್ಯಾಮೆರಾ ಎತ್ತಿದರೆ ಇವತ್ತೂ ಹೀಗೇ ಆಗುತ್ತದೆ.

ಕಂಪನಿ ಮುಚ್ಚಿತು. ರೀಲ್‌ಗಳನ್ನು ಯಾರೂ ಕೇಳಲಿಲ್ಲ. 1994ರಲ್ಲಿ ಅವರ ಹಳೇ ಅಂಗಡಿಯ ನೆಲಮಾಳಿಗೆ ಖಾಲಿ ಮಾಡುವಾಗ ಕೂಲಿಯವರಿಗೆ ಮೂರು ಲೋಹದ ಡ್ರಮ್ ಸಿಕ್ಕವು. ನಮ್ಮ ಹಾಲಿನ ಕ್ಯಾನಿನ ಹಾಗಿದ್ದವಂತೆ. ಒಳಗೆ ಸಣ್ಣ ಸಣ್ಣ ಸುರುಳಿಗಳು. ಗುಜರಿಗೆ ಹಾಕಲು ಹೊರಟವರು ದಾರಿಯಲ್ಲಿ ಒಂದು ವಿಡಿಯೋ ಅಂಗಡಿಯ ಹತ್ತಿರ ನಿಂತು, ಇದಕ್ಕೇನಾದರೂ ಬೆಲೆ ಇದೆಯಾ ಎಂದು ಕೇಳಿದರು. ಹಳೇ ಫಿಲ್ಮನ್ನು ವಿಡಿಯೋಗೆ ಹಾಕಿಕೊಡುವ ಅಂಗಡಿ ಅದು. ನನ್ನ ಅಂಗಡಿಯಂಥದ್ದು. ಅಲ್ಲಿದ್ದವರು, ತಿಳಿದವರಿಗೆ ಫೋನ್ ಮಾಡಿದರು. ಸುಮಾರು 800 ಚಿತ್ರಗಳು ಹಾಗೆ ಉಳಿದವು. ಈಗ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿವೆ. ಆ ಕಾಲದ ದುಡಿಯುವ ಜನ ಹೇಗೆ ನಡೆಯುತ್ತಿದ್ದರು, ಏನು ಹಾಕಿಕೊಳ್ಳುತ್ತಿದ್ದರು ಎಂದು ತಿಳಿಯಲು ವಿದ್ವಾಂಸರು ಅವನ್ನೇ ನೋಡುತ್ತಾರೆ.

ಅದೇ 1994ರಲ್ಲಿ ನಾನು ಇಲ್ಲಿ ಆ ಬಾಳೆ ಎಲೆ ತಾತನನ್ನು ಗೊತ್ತಿಲ್ಲದೆ ತೆಗೆಯುತ್ತಿದ್ದೆ.

ಹಳೇ ಮೂಕ ಚಿತ್ರ ಅಂದರೆ ಜನ ಕೋಳಿಯ ಹಾಗೆ ಪುಟಪುಟ ಓಡಾಡುತ್ತಾರೆ, ನಗು ಬರುತ್ತದೆ ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಅದು ಅವರ ತಪ್ಪಲ್ಲ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಲ್ಲೇ ತಿರುಗಿಸಬೇಕಿತ್ತು. ಸೆಕೆಂಡಿಗೆ ಎರಡು ಸುತ್ತು ತಿರುಗಿಸಿದರೆ 16 ಚೌಕ ಓಡುತ್ತಿದ್ದವು. ಮಾತಿನ ಸಿನಿಮಾ ಬಂದಮೇಲೆ ಪ್ರೊಜೆಕ್ಟರ್ ಸೆಕೆಂಡಿಗೆ 24 ಚೌಕ ಓಡಿಸತೊಡಗಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಯಾರೇ ಆದರೂ ಕುಣಿಯುವ ಹಾಗೆ ಕಾಣುತ್ತಾರೆ. ನನ್ನ ಕಂಪ್ಯೂಟರಿನಲ್ಲಿ ವೇಗ ಇಳಿಸಿ ನನ್ನ ಮೊಮ್ಮಗಳಿಗೆ ತೋರಿಸಿದೆ. ಅವಳು ಮೊದಲು ನಗುತ್ತಿದ್ದಳು. ವೇಗ ಸರಿಯಾದ ತಕ್ಷಣ ನಗು ನಿಂತಿತು. 'ತಾತ, ಇವರು ನಮ್ಮ ಥರಾನೇ ನಡೀತಾರಲ್ಲ' ಅಂದಳು.

ದನಿ ಇಲ್ಲದಿರುವುದು ಕೊರತೆಯೇ. ಅದನ್ನು ಇಲ್ಲ ಅನ್ನುವುದಿಲ್ಲ. ಆದರೆ ದನಿ ಬಂದಮೇಲೆ ನ್ಯೂಸ್ ರೀಲ್‌ನಲ್ಲಿ ಒಬ್ಬರು ಪೂರ್ತಿ ಮಾತಾಡತೊಡಗಿದರು. ಎಲ್ಲಿ ನೋಡಬೇಕು, ಏನು ಅಂದುಕೊಳ್ಳಬೇಕು ಎಲ್ಲ ಅವರೇ ಹೇಳುತ್ತಾರೆ. ಮೂಕ ರೀಲ್‌ನಲ್ಲಿ ಫಲಕ ಹೋದಮೇಲೆ ಕಣ್ಣು ಸ್ವತಂತ್ರ. ಅಂಚಿಗೂ ಹೋಗುತ್ತದೆ. ನನ್ನ ಕಸುಬಿನ ಒಂದು ತಪ್ಪನ್ನೂ ಇಲ್ಲೇ ಹೇಳಿಬಿಡುತ್ತೇನೆ. ಆಗೆಲ್ಲ ನಾವು ಮದುವೆ ಕ್ಯಾಸೆಟ್ ಮೇಲೆ ಮೊದಲಿಂದ ಕೊನೇತನಕ ಸಿನಿಮಾ ಹಾಡು ಹಾಕುತ್ತಿದ್ದೆವು. ಜನರ ಮಾತು ಗಲಾಟೆ ಅಂತ ಅಳಿಸಿಬಿಡುತ್ತಿದ್ದೆವು. ಆ ತಾತ ಪಕ್ಕಕ್ಕೆ ಸರಿಯುವಾಗ ಬಾಯಿ ಆಡಿದ್ದು ಕಾಣುತ್ತದೆ. ಏನೋ ಅಂದಿದ್ದಾರೆ. ಅದರ ಮೇಲೆ ನಾನು ಹಾಡು ಹಾಕಿದ್ದೇನೆ. ಆ ಅಕ್ಕ ಕೇಳಿದಾಗ ನನ್ನ ಹತ್ತಿರ ಉತ್ತರ ಇರಲಿಲ್ಲ.

ಒಂದು ಚಿತ್ರ ಎಷ್ಟು ಸಾಕ್ಷಿ ಹೇಳಬಲ್ಲದು ಅನ್ನುವುದಕ್ಕೆ ಇನ್ನೊಂದು ಮಾತು. ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಮಾರ್ಕೆಟ್ ಸ್ಟ್ರೀಟ್ ಎಂಬ ದೊಡ್ಡ ಬೀದಿ ಇದೆ. ಬೀದಿಯಲ್ಲಿ ಓಡುವ ಟ್ರಾಮಿನ ಮುಂದೆ ಕ್ಯಾಮೆರಾ ಕಟ್ಟಿ ಆ ತುದಿವರೆಗೂ ತೆಗೆದ ಒಂದು ಮೂಕ ಚಿತ್ರ ಉಳಿದಿದೆ. ಕುದುರೆ ಗಾಡಿ, ಮೋಟಾರು, ಸೈಕಲ್, ಅಡ್ಡ ಓಡುವ ಹುಡುಗರು. ಅದು 1905ರದು ಎಂದು ತುಂಬಾ ವರ್ಷ ನಂಬಿದ್ದರು. ಡೇವಿಡ್ ಕೀನ್ ಎಂಬ ಇತಿಹಾಸಕಾರ ನೆಲದ ಮೇಲಿನ ನೀರಿನ ಗುಂಡಿಗಳನ್ನು ನೋಡಿದರು. ಹಾಗಾದರೆ ಮಳೆ ಬಂದಿರಬೇಕು ಎಂದು ಹಳೇ ಪತ್ರಿಕೆಗಳ ಹವಾಮಾನ ವರದಿ ತೆಗೆದರು. ಮೋಟಾರುಗಳ ನಂಬರ್ ಪ್ಲೇಟ್ ಯಾವಾಗ ಕೊಟ್ಟದ್ದು ಎಂದು ಹುಡುಕಿದರು. ಚಿತ್ರ 1906ರ ಏಪ್ರಿಲ್‌ನದು ಎಂದು ಗೊತ್ತಾಯಿತು. ಆ ತಿಂಗಳು 18ನೇ ತಾರೀಖು ಅಲ್ಲಿ ಭೂಕಂಪ ಆಗಿ, ಬೆಂಕಿ ಬಿದ್ದು, ಆ ಬೀದಿಯೇ ನಾಶವಾಯಿತು. ಅದಕ್ಕೆ ಕೆಲವೇ ದಿನ ಮುಂಚೆ ತೆಗೆದದ್ದು. ಆ ಓಡಾಡುವ ಜನರಿಗೆ ಏನೂ ಗೊತ್ತಿಲ್ಲ. ಒಂದು ನೀರಿನ ಗುಂಡಿ ಇಷ್ಟು ಹೇಳಿತು.

ಈ ಚಿತ್ರಗಳು ಉಳಿದದ್ದು ಅದೃಷ್ಟದಿಂದ. ಆ ಕಾಲದ ಫಿಲ್ಮ್ ನೈಟ್ರೇಟಿನದು. ಹೊತ್ತಿಕೊಂಡರೆ ನೀರಿನಲ್ಲೂ ಉರಿಯುತ್ತದೆ. ಬೆಂಕಿ ತಾಗದಿದ್ದರೂ ಮೊದಲು ಅಂಟಂಟಾಗಿ, ಕೊನೆಗೆ ಕಂದು ಪುಡಿಯಾಗುತ್ತದೆ. ಕೋಲ್ಕತ್ತದ ಹೀರಾಲಾಲ್ ಸೇನ್ 1905ರ ಬಂಗಾಳ ವಿಭಜನೆ ವಿರೋಧಿ ಸಭೆಗಳನ್ನು ತೆಗೆದಿದ್ದರು. 1917ರಲ್ಲಿ ಬೆಂಕಿ ಬಿದ್ದು ಅವರ ಚಿತ್ರಗಳೆಲ್ಲ ಹೋದವು. ಮುಂಬೈಯ ಸಾವೇ ದಾದಾ, ಅಂದರೆ ಹರಿಶ್ಚಂದ್ರ ಸಖಾರಾಮ್ ಭಾಟವಡೇಕರ್, ಕೇಂಬ್ರಿಡ್ಜ್‌ನಲ್ಲಿ ಗಣಿತ ಪರೀಕ್ಷೆಯಲ್ಲಿ ಮೊದಲ ಸ್ಥಾನ ಪಡೆದು ಬಂದ ಪರಾಂಜಪೆಯವರ ಸ್ವಾಗತವನ್ನು 1901ರಲ್ಲಿ ತೆಗೆದರು. ಭಾರತದ ಮೊದಲ ಸುದ್ದಿ ಚಿತ್ರ ಅಂತ ಅದನ್ನೇ ಕರೆಯುತ್ತಾರೆ. ಪುಣೆಯಲ್ಲಿ 2003ರ ಬೆಂಕಿಯಲ್ಲೂ ಹಳೇ ನೈಟ್ರೇಟ್ ರೀಲ್‌ಗಳು ಸುಟ್ಟವು. 1978ರಲ್ಲಿ ಒಂದು ವಿಚಿತ್ರ ಆಯಿತು. ಕೆನಡಾದ ಡಾಸನ್ ಸಿಟಿಯಲ್ಲಿ ನೆಲ ಅಗೆಯುವಾಗ, ಹಿಮಗಟ್ಟಿದ ಮಣ್ಣಿನಡಿ 533 ಮೂಕ ರೀಲ್ ಸಿಕ್ಕವು. ಅದೇ ವರ್ಷ ಅಮೆರಿಕದ ಸರ್ಕಾರಿ ಉಗ್ರಾಣದಲ್ಲಿ ಬೆಂಕಿ ಬಿದ್ದು ಯೂನಿವರ್ಸಲ್ ನ್ಯೂಸ್ ರೀಲ್‌ನ ಕೋಟಿಗೂ ಜಾಸ್ತಿ ಅಡಿ ಫಿಲ್ಮ್ ಬೂದಿಯಾಯಿತು. ಕೆಲಸಕ್ಕೆ ಬಾರದು ಎಂದು ಹೂತಿಟ್ಟದ್ದು ಉಳಿಯಿತು, ಜೋಪಾನ ಮಾಡಿದ್ದು ಹೋಯಿತು.

ಈಗ ನಮ್ಮ ಜಿಲ್ಲೆಗೆ ಬರುತ್ತೇನೆ.

ನಮ್ಮ ಕಡೆಯ ಆ ಮೂಕ ಕಾಲದ ಒಂದು ನಿಮಿಷದ ಚಿತ್ರವನ್ನೂ ನಾನು ಇದುವರೆಗೆ ನೋಡಿಲ್ಲ. 1927ರಲ್ಲಿ ಗಾಂಧೀಜಿ ಮೈ ಹುಷಾರಿಲ್ಲದೆ ನಂದಿ ಬೆಟ್ಟದಲ್ಲಿ ಉಳಿದಿದ್ದರು. ಗಾಂಧೀಜಿ ಹೇಗಿದ್ದರು ಅಂತ ನಮಗೆ ಗೊತ್ತು. ಅವರಿಗೆ ಹಾಲು ತಂದುಕೊಟ್ಟವರು ಹೇಗಿದ್ದರು? ಬೆಟ್ಟದ ಬುಡದಲ್ಲಿ ಕಾದು ನಿಂತ ನಮ್ಮ ಸುಲ್ತಾನ್‌ಪೇಟೆ, ನಂದಿ ಗ್ರಾಮದ ಜನ ಹೇಗಿದ್ದರು? ಪಕ್ಕದ ಕೋಲಾರದ ಚಿನ್ನದ ಗಣಿಯಲ್ಲಿ ಇಂಗ್ಲಿಷರ ಕುಟುಂಬಗಳು ಹತ್ತಾರು ವರ್ಷ ಬದುಕಿದವು. ಮನೆಯವರೇ ಬಳಸಬಹುದಾದ 16 ಎಂಎಂ ಕ್ಯಾಮೆರಾ 1923ರಲ್ಲೇ ಬಂದಿತ್ತು. ಇಂಗ್ಲೆಂಡಿನ ಕೇಂಬ್ರಿಡ್ಜ್‌ನಲ್ಲಿರುವ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರ, ಇಲ್ಲಿದ್ದು ಹೋದ ಅಂಥ ಕುಟುಂಬಗಳ ಮನೆ ಚಿತ್ರಗಳನ್ನು ಕೂಡಿಟ್ಟಿದೆ. ನಮ್ಮ ಊರುಗಳ ಹೆಸರು ಹಿಡಿದು ಜಿಲ್ಲಾಡಳಿತದಿಂದ ಒಂದು ಪತ್ರ ಬರೆದು ಕೇಳಬಾರದೇ? ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೂ ಬರೆಯಬಹುದು.

ತೆಗೆಯದೆ ಬಿಟ್ಟದ್ದರ ಲೆಕ್ಕ ನನ್ನ ಹತ್ತಿರವೂ ಇದೆ. ಬಂಗಾರಪೇಟೆಯಿಂದ ಕೋಲಾರ, ಶ್ರೀನಿವಾಸಪುರ, ಚಿಂತಾಮಣಿ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರದ ಮೇಲೆ ಚಿಕ್ಕ ರೈಲು ಓಡುತ್ತಿತ್ತು. ಎರಡೂವರೆ ಅಡಿ ಅಗಲದ ಹಳಿ. ಸೊಪ್ಪಿನ ಹೊರೆ, ಹಾಲಿನ ಕ್ಯಾನು, ರೇಷ್ಮೆ ಗೂಡಿನ ಮೂಟೆ ಇಟ್ಟುಕೊಂಡು ಜನ ಹತ್ತುತ್ತಿದ್ದರು. ನನ್ನ ಕೈಯಲ್ಲಿ ಕ್ಯಾಮೆರಾ ಇತ್ತು. ಕಣ್ಣೆದುರು ರೈಲಿತ್ತು. ದಿನಾ ನೋಡುವುದನ್ನು ಯಾರು ತೆಗೆಯುತ್ತಾರೆ ಅಂದುಕೊಂಡೆ. 2013ರಲ್ಲಿ ದೊಡ್ಡ ಹಳಿಯ ರೈಲು ಬಂತು. ಒಳ್ಳೆಯದೇ ಆಯಿತು. ಆದರೆ ಆ ಚಿಕ್ಕ ಡಬ್ಬಿಯೊಳಗೆ ಎದುರು ಬದುರು ಕೂತ ಜನರ ಮೊಣಕಾಲು ತಾಗುತ್ತಿದ್ದುದು, ಆ ಮಾತುಕತೆ, ಅದು ನನ್ನ ಒಂದು ಟೇಪಿನಲ್ಲೂ ಇಲ್ಲ.

ಇನ್ನೊಂದು, ಇದಕ್ಕಿಂತ ನೋವಿನದು. ಹದಿನೈದು ವರ್ಷದ ಹಿಂದೆ ನಮ್ಮ ಕಡೆಯ ಒಂದು ಕಚೇರಿಯವರು ಉಗ್ರಾಣ ಖಾಲಿ ಮಾಡಿದರು. ಹಳೇ ಪ್ರೊಜೆಕ್ಟರ್, ಜೊತೆಗೆ ಒಂದಷ್ಟು ದುಂಡನೆ ತಗಡಿನ ಡಬ್ಬಿ. ಕೆಜಿ ಲೆಕ್ಕದಲ್ಲಿ ಗುಜರಿಗೆ ಹೋದವು. ಸುದ್ದಿ ತಿಳಿದು ಓಡಿದೆ. ಡಬ್ಬಿಗಳನ್ನು ಆಗಲೇ ಚಪ್ಪಟೆ ಮಾಡಿದ್ದರು. ಫಿಲ್ಮ್ ಕಸದ ಜೊತೆ ಸುಟ್ಟಿದ್ದರು. ಮೂಲೆಯಲ್ಲಿ ಒಂದು ತುಂಡು ಸಿಕ್ಕಿತು. 16 ಎಂಎಂ, ಸರಿಯಾಗಿ ಒಂದು ಅಡಿ. ಅಂದರೆ 40 ಚೌಕ. ಪರದೆ ಮೇಲೆ ಎರಡು ಸೆಕೆಂಡೂ ಆಗುವುದಿಲ್ಲ. ದನದ ಜಾತ್ರೆ. ಒಬ್ಬರು ಎತ್ತಿನ ಬಾಯಿ ಅಗಲಿಸಿ ಹಲ್ಲು ನೋಡುತ್ತಿದ್ದಾರೆ. ಹಿಂದೆ ಇಬ್ಬರು ಟವಲ್ ಅಡಿ ಕೈ ಇಟ್ಟುಕೊಂಡು ಬೆರಳಲ್ಲೇ ರೇಟು ಮಾತಾಡುತ್ತಿದ್ದಾರೆ. ಯಾವ ಜಾತ್ರೆ, ಯಾವ ವರ್ಷ, ಯಾರು ಆ ಇಬ್ಬರು, ಏನೂ ಬರೆದಿಲ್ಲ. ಆ ಒಂದಡಿ ಇವತ್ತಿಗೂ ನನ್ನ ಮೇಜಿನ ಡ್ರಾಯರ್‌ನಲ್ಲಿದೆ. ಯಾರ ಮೇಲೂ ದೂರು ಹೇಳುವುದಕ್ಕೆ ಇದನ್ನು ಬರೆಯುತ್ತಿಲ್ಲ. ಉಗ್ರಾಣ ಗುಡಿಸಿದವರಿಗೆ ಅದೇನು ಅಂತ ಯಾರೂ ಹೇಳಿರಲಿಲ್ಲ.

ಅದಕ್ಕೇ ಜಿಲ್ಲಾಧಿಕಾರಿಗಳಲ್ಲಿ ನನ್ನ ಮೊದಲ ಬೇಡಿಕೆ. ಕಚೇರಿ, ಶಾಲೆ, ಗ್ರಂಥಾಲಯ, ಸೊಸೈಟಿ ಯಾವುದೇ ಆಗಲಿ, ಹಳೇ ಸಾಮಾನು ವಿಲೇವಾರಿ ಮಾಡುವ ಮುಂಚೆ ಫಿಲ್ಮ್ ಡಬ್ಬಿ, ಟೇಪು, ಕ್ಯಾಸೆಟ್ ಇವೆಯಾ ನೋಡಿ, ಇದ್ದರೆ ತಿಳಿಸಬೇಕು ಎಂದು ಒಂದು ಸುತ್ತೋಲೆ ಹೊರಡಿಸಿ. ಮುಚ್ಚಿಹೋದ ಟಾಕೀಸ್‌ಗಳ ಮಾಲೀಕರಿಗೂ ತಿಳಿಸಿ. ಸಿಕ್ಕವರು ಡಬ್ಬಿಯನ್ನು ಬಿಸಿಲಿಗಿಡಬೇಡಿ, ಒಲೆಯ ಹತ್ತಿರ ಇಡಬೇಡಿ, ಬೀಡಿ ಸಿಗರೇಟು ದೂರವಿಡಿ. ಸುರುಳಿಯನ್ನು ಎಳೆದು ಬಿಚ್ಚಬೇಡಿ. ಅಂಚಿನಲ್ಲಿ ಸೇಫ್ಟಿ ಎಂದು ಇಂಗ್ಲಿಷಿನಲ್ಲಿ ಅಚ್ಚಾಗಿದ್ದರೆ ಬೆಂಕಿಯ ಭಯ ಕಮ್ಮಿ. ವಿನೆಗರ್ ಥರ ಹುಳಿ ವಾಸನೆ ಬಂದರೆ ಅದು ಹಾಳಾಗಲು ಶುರುವಾಗಿದೆ ಎಂದರ್ಥ, ತಡ ಮಾಡಬೇಡಿ. ಅಂಟಂಟಾಗಿದ್ದರೆ, ಪುಡಿ ಉದುರುತ್ತಿದ್ದರೆ, ಮುಟ್ಟದೆ ತಿಳಿದವರನ್ನು ಕರೆಯಿರಿ.

ಎರಡನೆಯದು, ಹೊಸದಾಗಿ ತೆಗೆಯುವ ಕೆಲಸ. 'ಈಗ ಎಲ್ಲರ ಕೈಯಲ್ಲೂ ಮೊಬೈಲ್ ಇದೆ, ಎಲ್ಲರೂ ರೀಲ್ಸ್ ಮಾಡುತ್ತಾರೆ, ಇನ್ನೇನು ಬೇಕು' ಅಂತ ಕೇಳಬಹುದು. ನಮ್ಮೂರಲ್ಲಿ ರೀಲ್ ಅಂದರೆ ಮೊದಲು ರೇಷ್ಮೆ. ಆಮೇಲೆ ಸಿನಿಮಾ. ಈಗ ಮೊಬೈಲ್. ರೇಷ್ಮೆ ಬಿಚ್ಚುವವರಿಗೆ ಗೊತ್ತು, ಎಳೆ ಕಡಿದು ಹೋದರೆ ಹಿಡಿದು ಜೋಡಿಸಬೇಕು. ಮೊಬೈಲಿನಲ್ಲಿ ಜೋಡಿಸುವವರಿಲ್ಲ. ಅದರಲ್ಲಿ ಇರುವುದು ಜಾಸ್ತಿ ನಮ್ಮದೇ ಮುಖ. ಮೆಮೊರಿ ತುಂಬಿದರೆ ಅಳಿಸುತ್ತೇವೆ. ಫೋನ್ ನೀರಿಗೆ ಬಿದ್ದರೆ ಹೋಯಿತು. ಉಳಿದರೂ ಯಾವ ಊರು, ಯಾವ ದಿನ, ಪಕ್ಕದಲ್ಲಿ ಯಾರು ಅಂತ ಬರೆದಿರುವುದಿಲ್ಲ. ಇಪ್ಪತ್ತು ವರ್ಷ ಕಳೆದರೆ ನನ್ನ ಡ್ರಾಯರಿನ ಆ ಒಂದಡಿಯ ಹಾಗೇ ಆಗುತ್ತದೆ.

ಫ್ರಾನ್ಸಿನಲ್ಲಿ ಆಲ್ಬರ್ಟ್ ಕಾನ್ ಎಂಬ ಬ್ಯಾಂಕ್ ಸಾಹುಕಾರರು ಇದ್ದರು. 1909ರಿಂದ 1931ರವರೆಗೆ ತಮ್ಮ ದುಡ್ಡಲ್ಲಿ ಲೋಕದ ತುಂಬ ಕ್ಯಾಮೆರಾದವರನ್ನು ಕಳಿಸಿದರು. ನಮ್ಮ ದೇಶಕ್ಕೂ ಬಂದಿದ್ದರು. ಸಂತೆ, ಬೀದಿ, ದುಡಿಯುವ ಕೈ, ಇವನ್ನೇ ತೆಗೆಯಿರಿ, ನಾಳೆ ಇವು ಇರುವುದಿಲ್ಲ ಅನ್ನುವುದು ಅವರ ಯೋಚನೆ. 72,000 ಬಣ್ಣದ ಫೋಟೋ, ಸುಮಾರು ನೂರು ಗಂಟೆಯ ಚಿತ್ರ ಆಯಿತು. ನಮಗೆ ಅಷ್ಟು ಬೇಡ. ಜಿಲ್ಲೆಯ ಒಂದೊಂದು ತಾಲ್ಲೂಕಿಗೂ ವರ್ಷಕ್ಕೊಂದು ದಿನ ಸಾಕು. ಕ್ಯಾಮೆರಾ ಒಂದೇ ಕಡೆ ಕಾಲೂರಿ ನಿಲ್ಲಲಿ. 1895ರಲ್ಲಿ ಲೂಮಿಯೇರ್ ಸಹೋದರರು ತಮ್ಮ ಕಾರ್ಖಾನೆಯ ಬಾಗಿಲಿನ ಎದುರು ಹಾಗೇ ನಿಲ್ಲಿಸಿದ್ದರು. ಐವತ್ತು ಸೆಕೆಂಡೂ ಇಲ್ಲದ ಚಿತ್ರ. ಹೆಂಗಸರು, ಗಂಡಸರು, ಒಂದು ನಾಯಿ ಹೊರಗೆ ಬರುವುದು, ಅಷ್ಟೇ. ನೂರಮೂವತ್ತು ವರ್ಷ ಆದರೂ ಜನ ನೋಡುತ್ತಲೇ ಇದ್ದಾರೆ.

ನಮ್ಮಲ್ಲಿ ಏನು ತೆಗೆಯಬೇಕು ಅಂತ ಕೇಳಿದರೆ ನಾನು ಗೂಡಿನ ಮಾರುಕಟ್ಟೆಯಿಂದ ಶುರು ಮಾಡುತ್ತೇನೆ. ಮುಂಚೆ ಅಲ್ಲಿ ಗೂಡಿನ ರಾಶಿಯ ಸುತ್ತ ಜನ ಮುಗಿಬಿದ್ದು ಕೂಗಿ ಹರಾಜು ಮಾಡುತ್ತಿದ್ದರು. ಕನ್ನಡ, ತೆಲುಗು, ಉರ್ದು ಒಂದೇ ಉಸಿರಲ್ಲಿ ಬರುತ್ತಿತ್ತು. ಈಗ ಮೊಬೈಲಿನಲ್ಲಿ ಬಿಡ್ ಹಾಕುತ್ತಾರೆ. ಗೂಡನ್ನು ಕೈಯಲ್ಲಿ ಹಿಡಿದು, ಕಿವಿ ಹತ್ತಿರ ಅಲ್ಲಾಡಿಸಿ ನೋಡುವುದು ಇನ್ನೂ ಇದೆ. ಅದನ್ನಾದರೂ ತೆಗೆಯೋಣ. ಬಿಸಿ ನೀರಿನಲ್ಲಿ ಬೆರಳಿಟ್ಟು ಎಳೆ ಹುಡುಕುವ ಅಕ್ಕಂದಿರ ಕೈ ತೆಗೆಯೋಣ. ಬೆಳಗ್ಗೆ ಡೇರಿ ಮುಂದಿನ ಕ್ಯೂ, ರಾಗಿ ಒಕ್ಕುವ ಕಣ, ಬಸ್ ಸ್ಟ್ಯಾಂಡಿನ ಹೂವಿನವರು, ಕೆರೆ ಏರಿ ಮೇಲೆ ಕುರಿ ಹೊಡೆದುಕೊಂಡು ಬರುವ ಹುಡುಗ. ಮೇಲೆ ಹಾಡು ಹಾಕುವುದು ಬೇಡ. ಆ ಮೂಕ ಚಿತ್ರದವರಿಗೆ ದನಿ ಹಿಡಿಯುವ ದಾರಿ ಇರಲಿಲ್ಲ. ನಮಗಿದೆ. ಡ್ರೋನ್ ಕೂಡ ಬೇಡ ಅನ್ನುತ್ತೇನೆ. ಮದುವೆಗೆ ನಾನೂ ಹಾರಿಸುತ್ತೇನೆ, ಆದರೆ ಮೇಲಿಂದ ತಲೆ ಕಾಣುತ್ತದೆ, ಮುಖ ಕಾಣುವುದಿಲ್ಲ.

ತೆಗೆಯುವ ಮುಂಚೆ ಅವರನ್ನು ಕೇಳಬೇಕು. ಬೇಡ ಅಂದವರನ್ನು ಬಿಡಬೇಕು. ತೆಗೆದದ್ದನ್ನು ಆ ಸಂಜೆಯೇ ಅದೇ ಬೀದಿಯಲ್ಲಿ ಒಂದು ಬಿಳಿ ಪಂಚೆ ಕಟ್ಟಿ ಅವರಿಗೇ ಮೊದಲು ತೋರಿಸಬೇಕು. ಬ್ಲ್ಯಾಕ್‌ಬರ್ನ್‌ನಲ್ಲಿ ದುಡ್ಡಿಗೆ ಮಾಡಿದ್ದನ್ನು ನಾವು ಗೌರವಕ್ಕೆ ಮಾಡೋಣ. ಅಲ್ಲೇ ಕೂತು ಹೆಸರು ಬರೆದುಕೊಳ್ಳಬೇಕು. ಎಡದಿಂದ ಮೊದಲನೆಯವರು ಯಾರು, ಕೈಯಲ್ಲಿರುವ ಸಾಮಾನಿಗೆ ನಮ್ಮ ಕಡೆ ಏನನ್ನುತ್ತಾರೆ, ಯಾವ ಕೇರಿ, ಯಾವ ತಾರೀಖು. ಈ ಬರಹವನ್ನು ಚಿತ್ರದ ಜೊತೆಯೇ ಇಡಬೇಕು. ಮೂರು ಪ್ರತಿ ಇರಲಿ. ಒಂದು ಜಿಲ್ಲಾ ಕೇಂದ್ರ ಗ್ರಂಥಾಲಯದಲ್ಲಿ, ಒಂದು ಬೇರೆ ಊರಿನಲ್ಲಿ, ಒಂದು ಯಾರು ಬೇಕಾದರೂ ಮನೆಯಿಂದ ನೋಡುವ ಹಾಗೆ.

ಹಳೇ ಕ್ಯಾಸೆಟ್‌ಗಳಿಗೂ ಇದೇ ಮಾತು. ಹಿರಿಯರು ಇರುವಾಗಲೇ ಕೂರಿಸಿ ತೋರಿಸಬೇಕು. ಗ್ರಂಥಾಲಯದಲ್ಲಿ ತಿಂಗಳಿಗೊಂದು ಭಾನುವಾರ ಒಂದು ಕೋಣೆ ಕೊಟ್ಟರೆ ಸಾಕು. ವಿಎಚ್‌ಎಸ್ ಓಡಿಸುವ ಮೆಷಿನ್ ನನ್ನ ಹತ್ತಿರ ಎರಡಿವೆ. ಎರಡೂ ಚೆನ್ನಾಗಿ ಓಡುತ್ತವೆ. ನಾನೇ ಹೊತ್ತು ತರುತ್ತೇನೆ. ಈ ಕೆಲಸಕ್ಕೆ ಒಂದು ಪೈಸೆಯೂ ಬೇಡ. ನನ್ನ ಜೊತೆ ಕಲಿಯಲು ಎರಡು ಮೂರು ಕಾಲೇಜು ಮಕ್ಕಳನ್ನು ಕೊಡಿ. ಮೆಷಿನ್‌ನ ಹೆಡ್ ಒರೆಸುವುದು, ಬೂಷ್ಟು ತೆಗೆಯುವುದು, ವೇಗ ಸರಿ ಮಾಡುವುದು, ಎಲ್ಲ ಹೇಳಿಕೊಡುತ್ತೇನೆ. ನನಗೂ ವಯಸ್ಸಾಗುತ್ತಿದೆ.

ಕೊನೆಗೆ ಜಿಲ್ಲೆಯ ಜನರಲ್ಲಿ ಒಂದು ಕೋರಿಕೆ. ಆ 1994ರ ಕ್ಯಾಸೆಟ್‌ನಲ್ಲಿ ಬಾಳೆ ಎಲೆ ತಾತನ ಹಿಂದೆ, ಚಪ್ಪರದ ನೆರಳಿನಲ್ಲಿ, ನೀಲಿ ಸೀರೆ ಉಟ್ಟ ಒಬ್ಬರು ದೊಡ್ಡ ಕಡಾಯಿ ತಿಕ್ಕುತ್ತಾ ಕೂತಿದ್ದಾರೆ. ಪಕ್ಕದಲ್ಲಿ ಐದಾರು ವರ್ಷದ ಹುಡುಗಿ, ಎರಡು ಜಡೆ, ಒಂದು ಜಡೆಗೆ ಮಾತ್ರ ರಿಬ್ಬನ್. ಮದುವೆ ಮನೆಯವರಿಗೆ ಅವರು ಯಾರೆಂದು ನೆನಪಿಲ್ಲ. ಅಡುಗೆಯವರ ಜೊತೆ ಮೇಲೂರು ಕಡೆಯಿಂದ ಬಂದವರಿರಬೇಕು ಅನ್ನುತ್ತಾರೆ. ಆ ಹುಡುಗಿಗೆ ಈಗ ಮೂವತ್ತೈದು ದಾಟಿರುತ್ತದೆ. ಅವಳ ಅಮ್ಮನ ಹನ್ನೊಂದು ಸೆಕೆಂಡು ನನ್ನ ಹತ್ತಿರ ಇದೆ. ಗೊತ್ತಿದ್ದವರು ದಯವಿಟ್ಟು ತಿಳಿಸಿ.

ಇಂತಿ,
ಶಿಡ್ಲಘಟ್ಟದ ಒಬ್ಬ ವಿಡಿಯೋದವನು